ಟಿಪ್ಪುಸುಲ್ತಾನನೂ ಚರಿತ್ರೆಯ ತಕ್ಕಡಿಯೂ

ತಂದೆ ಹೈದರಲಿಯೊಡನೆ 1780ರಲ್ಲಿ ಪೊಳ್ಳಿಲೂರಿನಲ್ಲಿ ಆಂಗ್ಲರ ಪಡೆಯನ್ನು ಮುರಿದ ಟಿಪ್ಪುಸುಲ್ತಾನನು 1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಯಲ್ಲಿ ಕಾದಿ ಮಡಿದನು. ಅವನ ಶೌರ್ಯದಲ್ಲಿ ವಿವಾದವಿಲ್ಲ; ವಿವಾದವಿರುವುದು ನಡತೆಯಲ್ಲಿ. ಮರಾಠರ ದಂಡು 1791ರಲ್ಲಿ ಶೃಂಗೇರಿಯನ್ನು ಸೂರೆಗೊಂಡಾಗ ಮರುಗಿ, ಗುರುಗಳಿಗೆ ಕನ್ನಡದಲ್ಲಿ ಓಲೆ ಬರೆಯಿಸಿ, ಶಾರದೆಯ ಪುನಃಪ್ರತಿಷ್ಠೆಗೆ ದ್ರವ್ಯವನ್ನಿತ್ತವನು ಅವನೇ. ಪ್ರತಿಭಟಿಸಿದ ಕೊಡವರನ್ನು ಸಂಸಾರಸಮೇತ ಸೆರೆಹಿಡಿದು ಮತಾಂತರಗೊಳಿಸಿದವನೂ ಅವನೇ. ಒಲಿದವರಿಗೆ ದಾನ, ಎದುರಾದವರಿಗೆ ದಂಡ ಎಂಬುದು ಅಂದಿನ ರಾಜನೀತಿ ಎನ್ನಬಹುದು. ಆದರೆ ಕಾರಣವನ್ನರಿತ ಮಾತ್ರಕ್ಕೆ ಕ್ರೌರ್ಯವು ಧರ್ಮವಾಗದು. ಸರ್ಕಾರವು 2015ರಲ್ಲಿ ಜಯಂತಿಯನ್ನು ತೊಡಗಿಸಿ 2019ರಲ್ಲಿ ಕೈಬಿಟ್ಟಿತು. ಅದರಿಂದ ಚರಿತ್ರೆಯ ಒಂದಕ್ಷರವೂ ಬದಲಾಗಲಿಲ್ಲ. ಶೀಳನೆರೆಯ ಸೀಮೆಯ ಮಕ್ಕಳು ಆ ಕೋಟೆಯನ್ನು ಕಾಣಹೋದಾಗ ಉಪಾಧ್ಯಾಯರು ಆ ಓಲೆಗಳನ್ನೂ ಆ ಸೆರೆಯನ್ನೂ ಒಟ್ಟಿಗೇ ಹೇಳಲಿ. ಒಂದನ್ನು ಮರೆಸಿ ಮತ್ತೊಂದನ್ನು ಮೆರೆಸುವುದು ವಿದ್ಯೆಯ ಲಕ್ಷಣವಲ್ಲ.