ಪಂಚನಾಮೆ ಮುಗಿದರೂ ಮನದ ಭಾರ ಇಳಿಯದು

ಮುಂಬಯಿಯಲ್ಲಿ ಕೊಲೆ ನಡೆದರೆ ಟಿ.ವಿ. ಕ್ಯಾಮೆರಾಗಳು ಬಾಗಿಲಾಚೆ ನಿಲ್ಲುತ್ತವೆ. ಒಳಗೆ ಹೋಗುವವರು ವಿಧಿವಿಜ್ಞಾನ ತಂಡದವರು. ಮೊದಲು ಫೋಟೊ, ಆಮೇಲೆ ಅಳತೆ, ನಕ್ಷೆ. ರಕ್ತದ ಕಲೆಯನ್ನು ಹತ್ತಿಗೆ ಹಿಡಿದು, ಒಣಗಿಸಿ, ಕಾಗದದ ಪೊಟ್ಟಣಕ್ಕೆ ಹಾಕಿ ಸೀಲ್ ಮಾಡಬೇಕು. ಪ್ಲಾಸ್ಟಿಕ್‌ನಲ್ಲಿಟ್ಟರೆ ಕೊಳೆಯುತ್ತದೆ. ಅವಸರ ಮಾಡುವಂತಿಲ್ಲ, ಕಣ್ಣು ತಿರುಗಿಸುವಂತಿಲ್ಲ. ಬೇರೆಯವರು ಮೂಗು ಮುಚ್ಚಿಕೊಂಡು ಹೊರಗೋಡುವ ಕೋಣೆಯಲ್ಲಿ ಇವರು ತಾಸುಗಟ್ಟಲೆ ಇರಬೇಕು.

'ದಿನಾ ನೋಡೋರು, ಅವರಿಗೇನಾಗತೈತ್ರಿ' ಎನ್ನುವುದು ಸುಲಭ. ಆದರೆ ದಿನಾ ನೋಡುವುದೇ ಪೆಟ್ಟು. ಅಮೆರಿಕದ ಮನೋವೈದ್ಯರ ಸಂಘ 2013ರಲ್ಲಿ ಹೊರತಂದ ಕೈಪಿಡಿಯು, ಕೆಲಸದ ನಿಮಿತ್ತ ಇಂಥ ದೃಶ್ಯಗಳನ್ನು ಪದೇ ಪದೇ ಎದುರಿಸುವುದರಿಂದಲೂ ಆಘಾತದ ಕಾಯಿಲೆ ಬರಬಹುದೆಂದು ಒಪ್ಪಿದೆ. ಅದು ಕೊಟ್ಟ ಉದಾಹರಣೆಯಲ್ಲಿ ಮಾನವ ಅವಶೇಷ ಆಯುವವರೇ ಇದ್ದಾರೆ. ನಿದ್ದೆ ಬಾರದು, ಸಣ್ಣ ಸದ್ದಿಗೂ ಬೆಚ್ಚುವುದು, ಮನೆಯವರೊಡನೆ ಮಾತು ಕಡಿಮೆಯಾಗುವುದು ಇದರ ಲಕ್ಷಣಗಳು. ವರ್ಷಗಳ ನಂತರ ಸಾಕ್ಷಿಕಟ್ಟೆಯಲ್ಲಿ ಅವೇ ಫೋಟೊಗಳನ್ನು ಮತ್ತೆ ನೋಡಬೇಕು.

2006ರ ಜುಲೈ 11ರಂದು ಮುಂಬಯಿ ಲೋಕಲ್ ರೈಲುಗಳಲ್ಲಿ ಏಳು ಬಾಂಬ್ ಸಿಡಿದವು. 2008ರ ನವೆಂಬರ್ 26ರ ದಾಳಿಯಲ್ಲಿ 166 ಜನ ಸತ್ತರು. ಸತ್ತವರ ಲೆಕ್ಕ ಸಿಕ್ಕಿತು. ಆ ಬೋಗಿಗಳಲ್ಲಿ, ಹೋಟೆಲ್ ಕೋಣೆಗಳಲ್ಲಿ ಕುರುಹು ಆಯ್ದವರು ಕಳೆದುಕೊಂಡ ನಿದ್ದೆಯ ಲೆಕ್ಕ ಯಾರಿಟ್ಟರು?

2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಪ್ರಕಾರ, ಏಳು ವರ್ಷ ಮತ್ತು ಮೇಲ್ಪಟ್ಟ ಶಿಕ್ಷೆಯ ಅಪರಾಧಗಳಲ್ಲಿ ತಜ್ಞರು ಸ್ಥಳಕ್ಕೆ ಹೋಗಲೇಬೇಕು. ಇದನ್ನು ಜಾರಿಗೆ ತರಲು ರಾಜ್ಯಗಳಿಗೆ ಐದು ವರ್ಷದ ಗಡುವಿದೆ. ಒಳ್ಳೆಯ ಕಾನೂನೇ. ಆದರೆ ಸ್ಥಳಕ್ಕೆ ಹೋಗುವ ಸರದಿ ಹೆಚ್ಚಿದಂತೆ ಮನಸ್ಸಿನ ಹೊರೆಯೂ ಹೆಚ್ಚುತ್ತದೆ. ವ್ಯಾನು, ಕಿಟ್ಟುಗಳ ಜತೆಗೆ ಸರ್ಕಾರ ಇದಕ್ಕೂ ವ್ಯವಸ್ಥೆ ಮಾಡಬೇಕು. ಮಕ್ಕಳ ಸಾವಿನಂಥ ಪ್ರಕರಣದ ಬಳಿಕ ಕೆಲ ದಿನ ಬೇರೆ ಕೆಲಸ ಕೊಡಬೇಕು. ಆಪ್ತ ಸಲಹೆ ಪಡೆದದ್ದು ಸೇವಾ ಪುಸ್ತಕಕ್ಕೆ ಏರಬಾರದು. ಏರುತ್ತದೆಂದರೆ ಯಾರೂ ಬಾಯಿ ಬಿಡುವುದಿಲ್ಲ. ಶವ ಎತ್ತುವ ಪೇದೆಗೂ, ಶವಾಗಾರದ ಸಿಬ್ಬಂದಿಗೂ ಇದೇ ಸೌಲಭ್ಯ ಸಿಗಬೇಕು.

ಸೊಲ್ಲಾಪುರ, ಅಕ್ಕಲಕೋಟೆ, ಜತ್ತ ಕಡೆಯಿಂದ ನೌಕರಿಗೆಂದು ಮುಂಬಯಿ ಸೇರಿದವರು ಬಹಳ. ಇಂಥ ಕೆಲಸದಲ್ಲಿರುವ ಮಗ ಜಾತ್ರೆಗೆ ಬಂದು ಸುಮ್ಮನೆ ಕೂತರೆ 'ಪಟ್ಟಣದ ಸೊಕ್ಕು ಬಂದೈತಿ' ಎನ್ನುವುದು ಬೇಡ. 'ಯಾಕಪ್ಪಾ, ನಿದ್ದಿ ಬರತೈತಿಲ್ಲೊ?' ಎಂದು ಕೇಳಿದರೆ ಸಾಕು.