ಓವನ್ ಮೀನಿಗೆ ಮೂಗು ಮುರಿಯಬೇಡಿ

ಸ್ಯಾನ್ ಫ್ರಾನ್ಸಿಸ್ಕೊ ಬೇ ಏರಿಯಾದ ಫ್ರೀಮಾಂಟ್, ಸನ್ನಿವೇಲ್ ಕಡೆ ಇರುವ ನಮ್ಮವರು ಎಷ್ಟೋ ಮಂದಿ ಮನೆ ಸೇರುವಾಗ ರಾತ್ರಿ ಎಂಟು. ಬಂಗುಡೆ ಫ್ರೈ ಮಾಡುವ ಅಂದ್ರೆ ಅಪಾರ್ಟ್‌ಮೆಂಟಿನ ಹೊಗೆ ಅಲಾರಾಂ ಬೊಬ್ಬೆ ಹೊಡೆಯುತ್ತದೆ. ಕೊನೆಗೆ ಪಿಜ್ಜಾವೇ ಗತಿ.

ಮುಳ್ಳಿಲ್ಲದ ಬಿಳಿ ಮೀನಿಗೆ ಎಂತ ರುಚಿ ಅಂತ ನಾವೂ ಹೇಳಿದವರೇ. ಬರೀ ಉಪ್ಪು ಹಾಕಿ ಬೇಯಿಸಿದರೆ ರುಚಿ ಎಲ್ಲಿಂದ ಬರಬೇಕು? ಇಲ್ಲಿನ ಕಡಲಿನ ರಾಕ್‌ಫಿಶ್ ತನ್ನಿ. ಅಂಗಡಿಯಲ್ಲಿ ರಾಕ್ ಕಾಡ್ ಅಂತಲೂ ಬರೆದಿರುತ್ತಾರೆ, ಅಸಲಿಗೆ ಅದು ಕಾಡ್ ಜಾತಿಯದ್ದಲ್ಲ. ಫ್ರೋಜನ್ ಆದರೆ ಹಿಂದಿನ ರಾತ್ರಿಯೇ ಫ್ರಿಜ್ಜಿನಲ್ಲಿ ಕರಗಲು ಬಿಡಿ. ನೀರು ಚೆನ್ನಾಗಿ ಒರೆಸಬೇಕು, ಇಲ್ಲದಿದ್ದರೆ ಮಸಾಲೆ ಹಿಡಿಯುವುದಿಲ್ಲ. ಬ್ಯಾಡಗಿ ಮೆಣಸಿನ ಪುಡಿ, ಅರಿಶಿನ, ಬೆಳ್ಳುಳ್ಳಿ, ಉಪ್ಪು, ತೆಂಗಿನೆಣ್ಣೆ ಸವರಿ, 400 ಡಿಗ್ರಿ ಫ್ಯಾರನ್‌ಹೀಟ್‌ಗೆ ಕಾಯಿಸಿದ ಓವನ್‌ನಲ್ಲಿಡಿ. ಒಂದು ಇಂಚು ದಪ್ಪಕ್ಕೆ 10-12 ನಿಮಿಷ. ಫೋರ್ಕ್ ಚುಚ್ಚಿದಾಗ ಎಸಳೆಸಳಾಗಿ ಬಿಟ್ಟರೆ ಆಯಿತು. ನಿಂಬೆ ಕೊನೆಗೆ, ಮೊದಲೇ ಹಿಂಡಿ ಬಹಳ ಹೊತ್ತು ಇಟ್ಟರೆ ಮೀನು ಗಟ್ಟಿಯಾಗುತ್ತದೆ.

ಇದರಲ್ಲಿ ಗಂಡಸರಿಗೆ ಬಾರದ ಕೆಲಸ ಯಾವುದಿದೆ? ಹೆಂಡತಿಯೂ ಶಿಫ್ಟ್ ಮುಗಿಸಿಯೇ ಬಂದಿರುತ್ತಾಳೆ. ಮೊದಲು ಮನೆಗೆ ಬಂದವರು ಓವನ್ ಹಚ್ಚಲಿ, ಅನ್ನ ಆಗುವಷ್ಟರಲ್ಲಿ ಮೀನೂ ರೆಡಿ. ಬೇಸಿಗೆಯಲ್ಲಿ ಇಲ್ಲಿ ರಾತ್ರಿ 8.30 ಅಂದರೆ ಊರಲ್ಲಿ ಮರುದಿನ ಬೆಳಗ್ಗೆ 9. ಉಮ್ಮ ಫೋನು ಮಾಡಿ "ಎಂತ ಪದಾರ್ಥ?" ಅಂತ ಕೇಳುವ ಹೊತ್ತು.