ಈಶಾನ್ಯದ ಮೂಲೆ ಮತ್ತು ನೆಲದಡಿಯ ನೀರು

ಗುಡಿ ನಿಂತ ಭೂಮಿಗೂ ಊರಾಚೆಯ ಕೇರಿ ನಿಂತ ಭೂಮಿಗೂ ಭೇದವಿಲ್ಲ, ಮೈ ತೊಳೆಯಲು ಬಳಸುವ ನೀರೂ ಪೂಜೆಗೆ ಬಳಸುವ ನೀರೂ ಬೇರೆಯಲ್ಲ ಎಂಬ ತತ್ತ್ವವನ್ನು ವಿಶ್ವಗುರು ಬಸವಣ್ಣನವರು ಹನ್ನೆರಡನೆಯ ಶತಮಾನದಲ್ಲಿಯೇ ಸಾರಿದರು. ಆ ವಚನವನ್ನು ಕೇಳದ ಲಿಂಗಾಯತ ಮನೆ ವಿರಳ. ಅದನ್ನು ಸಾಮಾನ್ಯವಾಗಿ ಜಾತಿಭೇದದ ಖಂಡನೆಯೆಂದು ವ್ಯಾಖ್ಯಾನಿಸಲಾಗುತ್ತದೆ, ಅದು ಸರಿಯೇ. ಆದರೆ ನೆಲ ಮತ್ತು ಜಲಗಳ ಕುರಿತ ನೇರವಾದ ಮಾತೂ ಅದರಲ್ಲಿದೆ. ನೆಲವನ್ನು ಶುಭದ ತುಂಡು, ಅಶುಭದ ತುಂಡು ಎಂದು ಕತ್ತರಿಸಿ ಹಂಚುವ ವಿದ್ಯೆಗೆ ಆ ವಚನದ ಎದುರು ನಿಲ್ಲಲು ಎಡೆಯಿಲ್ಲ.

ಆದರೂ ಶಿರಾ ತಾಲ್ಲೂಕಿನ ಗೌಡಗೆರೆಯ ಸೀಮೆಯಲ್ಲಾಗಲಿ, ನೆರೆಯ ಮಧುಗಿರಿ, ಕೊರಟಗೆರೆ, ಪಾವಗಡಗಳಲ್ಲಾಗಲಿ ಮನೆ ಕಟ್ಟಲು ಹೊರಟವರು ಬಾವಿಯ ವಿಷಯದಲ್ಲಿ ಮೊದಲು ಕರೆಯುವುದು ಯಾರನ್ನು? ನೀರನ್ನು ಬಲ್ಲವರನ್ನಲ್ಲ, ದಿಕ್ಸೂಚಿ ಹಿಡಿದು ಬರುವ ವಾಸ್ತು ಪಂಡಿತರನ್ನು. ನಿವೇಶನದ ನಡುವೆ ನಿಂತು ಅವರು ತೋರಿಸುವ ಸ್ಥಳ ಎಲ್ಲ ಮನೆಗಳಿಗೂ ಒಂದೇ: ಈಶಾನ್ಯದ ಮೂಲೆ. ಗೌಡಗೆರೆಯಲ್ಲೂ ಅದೇ, ಗೋಕರ್ಣದಲ್ಲೂ ಅದೇ. ಉತ್ತರ ಮೊದಲೇ ಸಿದ್ಧವಾಗಿರುವ ಪ್ರಶ್ನೆಗೆ ದಕ್ಷಿಣೆ ಕೊಟ್ಟು ಪಂಡಿತರನ್ನು ಕರೆಯುವ ಅಗತ್ಯವಾದರೂ ಏನು ಎಂದು ಕೇಳುವವರಿಲ್ಲ. ಕೊರಳಲ್ಲಿ ಇಷ್ಟಲಿಂಗ, ಹಣೆಯಲ್ಲಿ ವಿಭೂತಿ, ಮನೆಯ ನಕ್ಷೆಯಲ್ಲಿ ಮಾತ್ರ ಅಷ್ಟದಿಕ್ಪಾಲಕರು!

ಲಿಂಗವಂತರ ಮನೆಗಳಲ್ಲಿ ಇದಕ್ಕೆ ಒಂದು ವಿಶೇಷವಾದ ಸಮರ್ಥನೆಯೂ ಹುಟ್ಟಿಕೊಂಡಿದೆ. ಈಶಾನ್ಯವೆಂದರೆ ಈಶನ ದಿಕ್ಕು, ಈಶನೆಂದರೆ ಶಿವ, ಶಿವನ ಜಟೆಯಲ್ಲಿ ಗಂಗೆ, ಆದುದರಿಂದ ಈಶಾನ್ಯದಲ್ಲಿ ನೀರಿರುವುದು ಶಿವಧರ್ಮಕ್ಕೆ ಒಪ್ಪಿಗೆಯಾದುದೇ ಎಂಬುದು ಆ ವಾದ. ಕೇಳಲು ಸೊಗಸಾಗಿದೆ. ಆದರೆ ಹಾಗೆ ಮೂಲೆಯಲ್ಲಿ ಕೂರಿಸಿದ ಈಶನು ಎಂಟು ದಿಕ್ಕುಗಳ ಎಂಟು ಕಾವಲುಗಾರರಲ್ಲಿ ಒಬ್ಬನಾಗುತ್ತಾನೆ. ಆಗ್ನೇಯದ ಅಗ್ನಿಗೂ ನೈಋತ್ಯದ ನಿರೃತಿಗೂ ಸರಿಸಮನಾಗುತ್ತಾನೆ. ಶರಣರು ಕರಸ್ಥಲಕ್ಕೆ ಬಿಜಯಂಗೈಸಿದ ಲಿಂಗವು ಇದಲ್ಲ. ಹಿಡಿದವನು ಯಾವ ಕಡೆ ತಿರುಗಿದರೂ ಅವನೊಡನೆ ತಿರುಗುವ, ದಿಕ್ಕುಗಳ ಹಂಗಿಲ್ಲದ ಲಿಂಗ ಅದು. ಅಂಗೈಯ ಲಿಂಗಕ್ಕೆ ಈಶಾನ್ಯ ಯಾವುದು? ಮುಹೂರ್ತದ ವಿಷಯದಲ್ಲಿ ಬಸವಣ್ಣನವರು ತೋರಿದ ನಿಲುವೂ ಇದೇ. ತಮ್ಮವರು ಬಂದು ವಿಚಾರಿಸಿದರೆ ಗ್ರಹ ನಕ್ಷತ್ರಗಳ ಲೆಕ್ಕಕ್ಕೆ ಹೋಗದೆ ಎಲ್ಲವೂ ಅನುಕೂಲವಾಗಿದೆಯೆಂದು ಹೇಳಿ ಕಳುಹಿಸಬೇಕೆಂದು ಅವರು ಜೋಯಿಸರಿಗೆ ಹೇಳಿದರು. ಕಾಲವನ್ನು ಕುರಿತು ಹೇಳಿದ ಮಾತು ದೇಶವನ್ನು ಕುರಿತು ಅನ್ವಯಿಸದೆ ಹೋಗುವುದಿಲ್ಲ.

ಇನ್ನು ಕೆಲವರು ವಿಜ್ಞಾನದ ಹೆಸರು ಹೇಳುತ್ತಾರೆ. ಮುಂಜಾನೆಯ ಸೂರ್ಯಕಿರಣಗಳು ಈಶಾನ್ಯದ ನೀರನ್ನು ಶುದ್ಧಗೊಳಿಸುತ್ತವೆಯಂತೆ. ಬಾಯ್ದೆರೆದ ತೋಡುಬಾವಿಗೆ ಈ ಮಾತು ಎಷ್ಟು ಸಲ್ಲುವುದೋ, ಆರೇಳು ಅಂಗುಲದ ಕೇಸಿಂಗ್ ಪೈಪಿನೊಳಗೆ ನೂರಾರು ಅಡಿ ಆಳದಲ್ಲಿರುವ ನೀರಿಗಂತೂ ಸಲ್ಲುವುದಿಲ್ಲ. ಅಲ್ಲಿ ಹಗಲು ಹನ್ನೆರಡು ಗಂಟೆಗೂ ಕತ್ತಲೆಯೇ. ಎರಡನೆಯ ಮಾತು ಇನ್ನೂ ಅಪಾಯಕಾರಿ. ನಿವೇಶನದ ನೆಲ ಈಶಾನ್ಯದ ಕಡೆಗೆ ಇಳಿಜಾರಾಗಿರಬೇಕು, ಬಾವಿಯೂ ಅಲ್ಲಿಯೇ ಇರಬೇಕು ಎಂದು ವಾಸ್ತು ಹೇಳುತ್ತದೆ. ಅಂದರೆ ಬಚ್ಚಲ ನೀರು, ಕೊಟ್ಟಿಗೆಯ ಗಂಜಲ, ಶೌಚದ ಗುಂಡಿಯಿಂದ ಜಿನುಗಿದ್ದು ಎಲ್ಲವೂ ಇಳಿದು ಸೇರುವ ತಗ್ಗಿನಲ್ಲಿಯೇ ಕುಡಿಯುವ ನೀರಿನ ಬಾವಿ! ಕುಡಿಯುವ ನೀರಿನ ಬಾವಿ ಹೊಲಸಿಗಿಂತ ಎತ್ತರದ ಕಡೆ ಇರಬೇಕೆಂಬುದು ಆರೋಗ್ಯ ಇಲಾಖೆಯ ಯಾವ ಕಾರ್ಯಕರ್ತೆಯಾದರೂ ಹೇಳುವ ಮೊದಲ ಪಾಠ.

ಇಲ್ಲಿ ಸ್ವಲ್ಪ ಲೆಕ್ಕವನ್ನು ನೋಡುವುದು ಒಳ್ಳೆಯದು. ಬಾವಿಗೆ ಈಶಾನ್ಯವನ್ನು ಗೊತ್ತುಮಾಡುವ ಪಂಡಿತರು ಶೌಚದ ಗುಂಡಿಗೆ ಸಾಮಾನ್ಯವಾಗಿ ವಾಯವ್ಯವನ್ನು ಗೊತ್ತುಮಾಡುತ್ತಾರೆ. ಒಂದೇ ಮನೆಯನ್ನು ನೋಡಿದರೆ ಎರಡರ ನಡುವೆ ನಿವೇಶನದ ಅಗಲದಷ್ಟು ಅಂತರವಿದೆ, ದೋಷ ಕಾಣುವುದಿಲ್ಲ. ಈಗ ಪೂರ್ವದ ಕಡೆಯ ನೆರೆಮನೆಯನ್ನು ನೋಡಬೇಕು. ಅವರೂ ಅದೇ ಪಂಡಿತರನ್ನು ಕರೆಸಿದ್ದಾರೆ, ಅವರ ಗುಂಡಿಯೂ ವಾಯವ್ಯದಲ್ಲಿದೆ. ಅವರ ವಾಯವ್ಯವೆಂದರೆ ಯಾವುದು? ನಡುವಿನ ಗೋಡೆಯ ಆಚೆ ಬದಿ. ಅಂದರೆ ಈಚೆಯ ಮನೆಯವರ ಈಶಾನ್ಯಕ್ಕೆ ತಗುಲಿಕೊಂಡ ಮೂಲೆ. ಇಬ್ಬರೂ ಶಾಸ್ತ್ರವನ್ನು ಚಾಚೂ ತಪ್ಪದೆ ಪಾಲಿಸಿದಾಗ ಒಬ್ಬರ ಮಲದ ಗುಂಡಿ ಮತ್ತೊಬ್ಬರ ಬಾವಿಯ ಮಗ್ಗುಲಲ್ಲಿ ಬಂದು ಕೂಡುತ್ತದೆ. ನಡುವೆ ಇರುವುದು ಒಂದು ಇಟ್ಟಿಗೆ ಗೋಡೆ. ನೀರಿಗೆ ಗೋಡೆಯ ತಳಪಾಯ ಅಡ್ಡಿಯಲ್ಲ.

ಗುಂಡಿಯಿಂದ ನೆಲಕ್ಕೆ ನೀರು ಇಂಗಿಸುವ ವ್ಯವಸ್ಥೆಯು ಕುಡಿಯುವ ನೀರಿನ ಮೂಲದಿಂದ ಕನಿಷ್ಠ 18 ಮೀಟರ್ ದೂರವಿರಬೇಕೆಂದು ಭಾರತೀಯ ಮಾನಕ ಬ್ಯೂರೋದ ಸಂಹಿತೆ ಹೇಳುತ್ತದೆ. ಬಿರುಕುಬಿಟ್ಟ ಬಂಡೆಯ ನೆಲದಲ್ಲಿ ಆ ದೂರವೂ ಸಾಲದೆಂಬುದು ಬಲ್ಲವರ ಮಾತು. ಈಗ 30×40 ಅಡಿಯ ನಿವೇಶನವನ್ನು ತೆಗೆದುಕೊಳ್ಳಬಹುದು. ಅದರ ಒಂದು ಮೂಲೆಯಿಂದ ಎದುರು ಮೂಲೆಗೆ ಕರ್ಣದ ಉದ್ದ 50 ಅಡಿ, ಅಂದರೆ 15 ಮೀಟರಿಗೆ ತುಸು ಹೆಚ್ಚು. ಆ ನಿವೇಶನದೊಳಗೆ ಎಲ್ಲಿ ಅಗೆದರೂ ತನ್ನ ಸ್ವಂತ ಗುಂಡಿಯಿಂದಲೇ 18 ಮೀಟರ್ ದೂರ ಸಿಗುವುದಿಲ್ಲ, ಇನ್ನು ನೆರೆಯವರ ಗುಂಡಿಯ ಮಾತೇನು! ಆದುದರಿಂದ ಮನೆಯ ನಿವೇಶನದಲ್ಲಿ ಬಾವಿಯ ಸ್ಥಳ ಎಂಬುದು ಒಂದು ಮನೆಯವರು ಒಂದು ನಕ್ಷೆಯ ಮೇಲೆ ತೀರ್ಮಾನಿಸುವ ಸಂಗತಿಯೇ ಅಲ್ಲ. ಸುತ್ತಲಿನ ನಾಲ್ಕು ಮನೆಗಳ ಗುಂಡಿಗಳು ಎಲ್ಲಿವೆ, ನೆಲ ಯಾವ ಕಡೆಗೆ ಇಳಿಯುತ್ತದೆ ಎಂದು ತಿಳಿದೇ ತೀರ್ಮಾನಿಸಬೇಕು. ವಾಸ್ತುವು ತಪ್ಪುವುದು ಇಲ್ಲಿಯೇ. ಕಾಂಪೌಂಡಿನ ಗೋಡೆಗೆ ಲೋಕ ಮುಗಿಯಿತೆಂದು ಅದು ಭಾವಿಸುತ್ತದೆ. ನೆರೆಯವನು ಅದರ ಲೆಕ್ಕದಲ್ಲಿ ಇಲ್ಲವೇ ಇಲ್ಲ.

ಈ ವಿದ್ಯೆಗೆ ಪ್ರಾಚೀನತೆಯ ಮುದ್ರೆಯೊತ್ತಲು ವರಾಹಮಿಹಿರನ ಹೆಸರನ್ನು ಎತ್ತುವವರೂ ಉಂಟು. ಆರನೆಯ ಶತಮಾನದ ಅವನ ಬೃಹತ್ಸಂಹಿತೆಯಲ್ಲಿ ನೆಲದಡಿಯ ನೀರನ್ನು ಕುರಿತು ದಕಾರ್ಗಲವೆಂಬ ಒಂದು ಅಧ್ಯಾಯವೇ ಇದೆ. ಅದನ್ನು ತೆರೆದು ನೋಡಿದರೆ ಕಾಣುವುದೇ ಬೇರೆ. ಇಂಥ ಮರವಿದ್ದರೆ, ಅದರ ಬಳಿ ಹುತ್ತವಿದ್ದರೆ, ಮರದಿಂದ ಇಷ್ಟು ದೂರದಲ್ಲಿ, ಇಂಥ ದಿಕ್ಕಿನಲ್ಲಿ, ಇಷ್ಟು ಆಳದಲ್ಲಿ ನೀರಿದೆ ಎಂದು ಅವನು ಒಂದೊಂದು ಮರಕ್ಕೂ ಬೇರೆ ಬೇರೆ ದಿಕ್ಕನ್ನು ಹೇಳುತ್ತ ಹೋಗುತ್ತಾನೆ. ಆ ಸೂಚನೆಗಳೆಲ್ಲ ನಿಜವೆಂದು ಒಪ್ಪಬೇಕಾಗಿಲ್ಲ. ಆದರೆ ಅವನು ನೆಲವನ್ನು ನೋಡಿ ಮಾತಾಡಿದ್ದಾನೆ. ಬಾವಿಯ ಶುಭಾಶುಭ ದಿಕ್ಕುಗಳನ್ನು ಹೇಳುವಾಗಲೂ ಆಗ್ನೇಯ, ನೈಋತ್ಯ, ವಾಯವ್ಯ ಈ ಮೂರನ್ನು ಬಿಟ್ಟು ಉಳಿದ ಎಲ್ಲ ದಿಕ್ಕುಗಳನ್ನೂ ಅವನು ಒಪ್ಪುತ್ತಾನೆ. ಅದೂ ಗ್ರಾಮದ ಅಥವಾ ಪುರದ ದಿಕ್ಕುಗಳ ವಿಷಯ, ಮೂವತ್ತು ನಲವತ್ತು ಅಡಿಯ ಸೈಟಿನದಲ್ಲ. ಶಾಸ್ತ್ರವನ್ನು ನಂಬುವವರಾದರೂ ಶಾಸ್ತ್ರವನ್ನು ಓದಬೇಡವೇ?

ಗೌಡಗೆರೆಯ ಸುತ್ತಲಿನ ಸೀಮೆಗೆ ಇದಕ್ಕಿಂತ ಒಳ್ಳೆಯ ಜಲವಿದ್ಯೆ ತನ್ನದೇ ಆಗಿ ಇತ್ತು. ಶಿರಾ, ಮಧುಗಿರಿ, ಕೊರಟಗೆರೆ, ಪಾವಗಡಗಳ ಹಿರಿಯರಿಗೆ ತಲಪರಿಗೆ ಎಂಬ ಮಾತು ಗೊತ್ತು. ಹಳ್ಳದ ಮರಳಿನಲ್ಲಿ, ಕೆರೆಯ ಅಂಗಳದಲ್ಲಿ ತಾನಾಗಿ ಜಿನುಗುವ ನೀರನ್ನು ಗುರುತಿಸಿ, ಕೆದರಿ, ಕಾಲುವೆ ತೆಗೆದು ಗದ್ದೆಗೆ ಹಾಯಿಸುತ್ತಿದ್ದರು. ಅದರ ಹೂಳನ್ನು ನೀರುಂಡವರೆಲ್ಲ ಸೇರಿ ತೆಗೆಯಬೇಕಿತ್ತು. ನೀರು ಎಲ್ಲಿದೆಯೋ ಅಲ್ಲಿಗೆ ಮನುಷ್ಯರು ಹೋದರು; ಮನುಷ್ಯರು ಹೇಳಿದ ಮೂಲೆಗೆ ನೀರು ಬರಲೆಂದು ಕಾಯಲಿಲ್ಲ. ಸಿದ್ಧಗಂಗೆಗೆ ಆ ಹೆಸರು ಬಂದುದೂ ಬೆಟ್ಟದ ಬಂಡೆಯಲ್ಲಿ ಒಸರುವ ನೀರಿನಿಂದ. ಆ ಬಂಡೆ ಬಿರುಕು ಬಿಡುವಾಗ ಯಾರ ನಕ್ಷೆಯನ್ನೂ ನೋಡಲಿಲ್ಲ.

ಬಂಡೆಯ ಬಿರುಕು ಎಂಬ ಮಾತು ಇಲ್ಲಿ ಮುಖ್ಯ. ಮಧುಗಿರಿ, ಪಾವಗಡಗಳ ಬೆಟ್ಟಸಾಲು ಕ್ಲೋಸ್‌ಪೇಟೆ ಗ್ರಾನೈಟು. ರಾಮನಗರದ ಹಳೆಯ ಹೆಸರನ್ನು ಹೊತ್ತ, ಸುಮಾರು 250 ಕೋಟಿ ವರ್ಷಗಳಷ್ಟು ಹಳೆಯ ಶಿಲೆ. ಇಡಿಯಾದ ಬಂಡೆಯಲ್ಲಿ ನೀರಿಲ್ಲ. ಮೇಲಿನ ಕೊಳೆತ ಕಲ್ಲಿನ ಪದರದಲ್ಲಿ ಒಂದಿಷ್ಟು, ಕೆಳಗಿನ ಸೀಳುಗಳಲ್ಲಿ ಒಂದಿಷ್ಟು. ಸೀಳು ಎತ್ತ ಹಾಯ್ದಿದೆಯೋ ಅತ್ತ ನೀರು. ಶಿರಾ, ಮಧುಗಿರಿ, ಕೊರಟಗೆರೆ ತಾಲ್ಲೂಕುಗಳು ಅಂತರ್ಜಲದ ಅತಿಬಳಕೆಯ ಪಟ್ಟಿಯಲ್ಲಿ ಬಹುಕಾಲದಿಂದ ಗುರುತಾಗಿವೆ. ಆಳಕ್ಕೆ ಹೋದಷ್ಟೂ ಬಂಡೆಯೊಡನೆ ದೀರ್ಘಕಾಲ ಬೆರೆತ ನೀರು ಸಿಗುತ್ತದೆ; ಅದರೊಡನೆ ಫ್ಲೋರೈಡೂ ಬರುತ್ತದೆ. ಲೀಟರಿಗೆ 1.5 ಮಿಲಿಗ್ರಾಂ ಮೀರಿದರೆ ಮಕ್ಕಳ ಹಲ್ಲು ಕಂದುತ್ತದೆ, ಇನ್ನೂ ಹೆಚ್ಚಿದರೆ ಮೂಳೆಯೇ ಬಾಗುತ್ತದೆ. ಪಾವಗಡದ ಜನರಿಗೆ ಇದನ್ನು ಯಾರೂ ವಿವರಿಸಬೇಕಾಗಿಲ್ಲ. ಈಶಾನ್ಯದಲ್ಲಿ ಕೊರೆದ ಮಾತ್ರಕ್ಕೆ ಫ್ಲೋರೈಡು ಕರಗಿಹೋಗುವುದಿಲ್ಲ.

ವಾಸ್ತು ಪಂಡಿತರ ಹಿಂದೆಯೇ ಪಾಯಿಂಟ್ ಮಾಡುವವರು ಬರುತ್ತಾರೆ: ಅಂಗೈಯಲ್ಲಿ ತೆಂಗಿನಕಾಯಿ, ಇಲ್ಲವೇ ಬೇವಿನ ಕವಲುಕಡ್ಡಿ. ಕಾಯಿ ಎದ್ದು ನಿಂತಿತೆಂದರೆ ನೀರು. ಇವರನ್ನು ಹೆಚ್ಚು ಬಯ್ಯಬೇಕಾಗಿಲ್ಲ. ಅನೇಕರು ನೆಲವನ್ನು ಕಣ್ಣಾರೆ ಬಲ್ಲವರು, ಕಡ್ಡಿಗಿಂತ ಅವರ ಕಣ್ಣು ಮೇಲು. ಆದರೆ ಕಡ್ಡಿಯನ್ನು ಪರೀಕ್ಷಿಸಿದವರೂ ಇದ್ದಾರೆ. 1990ರಲ್ಲಿ ಜರ್ಮನಿಯ ಕಾಸೆಲ್ ನಗರದಲ್ಲಿ ಮೂವತ್ತು ಮಂದಿ ಕಡ್ಡಿ ಹಿಡಿಯುವವರನ್ನು ಕರೆಸಿ, ನೆಲದಲ್ಲಿ ಹೂತ ಪೈಪಿನಲ್ಲಿ ನೀರು ಹರಿಯುತ್ತಿದೆಯೇ ಇಲ್ಲವೇ ಎಂದು ಹೇಳಿಸಿದರು. ಫಲಿತಾಂಶವು ನಾಣ್ಯ ಚಿಮ್ಮಿ ಹೇಳುವುದಕ್ಕಿಂತ ಮೇಲಾಗಲಿಲ್ಲ. ಭೂವಿಜ್ಞಾನಿಗಳು ವಿದ್ಯುತ್ ಹಾಯಿಸಿ ನೆಲದ ರೋಧವನ್ನು ಅಳೆಯುತ್ತಾರೆ. ಅವರ ಅಂದಾಜೂ ಎಷ್ಟೋ ಸಲ ತಪ್ಪುತ್ತದೆ. ಆದರೆ ತಪ್ಪಿದಾಗ ಅದಕ್ಕೆ ಯಜಮಾನನ ಜಾತಕವನ್ನು ದೂರುವುದಿಲ್ಲ.

ಮನಸ್ಸಿನ ಸಮಾಧಾನಕ್ಕಾಗಿ ಈಶಾನ್ಯದಲ್ಲಿ ಕೊರೆಸಿದರೆ ಹಾನಿಯೇನು ಎಂದು ಕೇಳುವವರಿಗೆ ಉತ್ತರ ಕೊಡಬೇಕು. ಗುಂಡಿಗಳೆಲ್ಲ ದೂರವಿದ್ದು, ನೆಲ ಅನುಕೂಲವಾಗಿದ್ದರೆ ಈಶಾನ್ಯದಲ್ಲಿಯೇ ಅಗೆಯಲಿ, ಈಶಾನ್ಯವೇನು ಪಾಪ ಮಾಡಿದೆ? ಆದರೆ ಆಚರಣೆ ಅಷ್ಟಕ್ಕೇ ನಿಂತಿಲ್ಲ. ಆಗ್ನೇಯದಲ್ಲಿದೆ, ನೈಋತ್ಯದಲ್ಲಿದೆ ಎಂಬ ಒಂದೇ ಕಾರಣಕ್ಕೆ ಅಜ್ಜನ ಕಾಲದಿಂದ ಬತ್ತದ ಬಾವಿಗೆ ಮಣ್ಣು ತುಂಬಿಸುತ್ತಾರೆ. ಮನೆಯಲ್ಲಿ ಒಂದು ಕಾಯಿಲೆಯೋ, ಗರ್ಭಪಾತವೋ ಆದರೆ ಬೆರಳು ಬಾವಿಯತ್ತ ತಿರುಗುತ್ತದೆ. ಸೊಸೆಯ ದುಃಖಕ್ಕೆ ಬಾವಿಯ ದಿಕ್ಕು ಕಾರಣವಾಗುತ್ತದೆ, ವೈದ್ಯರ ಬಳಿಗೆ ಹೋಗುವ ಹಣ ಹೊಸ ಬೋರಿಗೆ ಹೋಗುತ್ತದೆ. ಈಶಾನ್ಯದಲ್ಲಿ ಸಾಲ ಮಾಡಿ ಕೊರೆಸಿದ್ದು ಒಣಗಿ ಧೂಳು ಹಾರಿಸಿದಾಗ ಪಂಡಿತರು ಊರಲ್ಲಿರುವುದಿಲ್ಲ. ಅಡಿಗಿಷ್ಟು ಎಂದು ಲಾರಿಯವನಿಗೆ ಕೊಡಬೇಕಾದ ಹಣ ಮಾತ್ರ ನಿಲ್ಲುವುದಿಲ್ಲ. ಹಾಗೆ ಕೈಬಿಟ್ಟ ಕೊಳವೆಬಾವಿಗಳ ಬಾಯನ್ನು ಮುಚ್ಚದೆ ಹೋದುದರ ಫಲವನ್ನು ನಾಡು 2014ರಲ್ಲಿ ಬಾದಾಮಿ ತಾಲ್ಲೂಕಿನ ಸೂಳಿಕೇರಿಯಲ್ಲಿ, 2017ರಲ್ಲಿ ಅಥಣಿ ತಾಲ್ಲೂಕಿನ ಝುಂಜರವಾಡದಲ್ಲಿ ಕಂಡಿತು. ಎರಡು ಕಡೆಯೂ ಮಗು ಬದುಕಿ ಬರಲಿಲ್ಲ. 2024ರಲ್ಲಿ ಇಂಡಿ ತಾಲ್ಲೂಕಿನ ಲಚ್ಯಾಣದಲ್ಲಿ ಮಾತ್ರ ಮಗುವನ್ನು ಜೀವಂತವಾಗಿ ಮೇಲೆತ್ತಲಾಯಿತು. ಅವು ಹೊಲಗಳ ಬಾವಿಗಳು, ವಾಸ್ತುವಿನವಲ್ಲ, ನಿಜ. ಆದರೆ ಅನವಶ್ಯಕವಾಗಿ ಕೊರೆದ ಪ್ರತಿಯೊಂದು ರಂಧ್ರವೂ ಆ ಸಾಲಿಗೆ ಸೇರಬಲ್ಲ ರಂಧ್ರವೇ.

ಶರಣರಲ್ಲಿ ನೀರಿಗಾಗಿ ನೆಲವನ್ನು ಅಗೆಸಿದ ಮಹಾತ್ಮರೆಂದರೆ ಸೊನ್ನಲಿಗೆಯ ಸಿದ್ಧರಾಮೇಶ್ವರರು. ಕೆರೆಯನ್ನು ಕಟ್ಟಿಸುತ್ತಿದ್ದ ಅವರನ್ನು ಅಲ್ಲಮಪ್ರಭುಗಳು ಬಂದು ಒಡ್ಡನೆಂದು ಕರೆದ ಪ್ರಸಂಗ ಶೂನ್ಯಸಂಪಾದನೆಯಲ್ಲಿ ಪ್ರಸಿದ್ಧ. ಪ್ರಭುಗಳು ಆಕ್ಷೇಪಿಸಿದ್ದು ನೀರನ್ನಲ್ಲ, ಮಾಡಿದೆನೆಂಬ ಅಹಂಕಾರವನ್ನು. ಆ ಕಠಿಣ ವಾಗ್ವಾದದಲ್ಲಿ ಕೆರೆಯು ಯಾವ ದಿಕ್ಕಿನಲ್ಲಿರಬೇಕೆಂಬ ಚರ್ಚೆ ಬರುವುದೇ ಇಲ್ಲ. ಕೆರೆ ಯಾರ ದಾಹಕ್ಕೆ, ಅಗೆಯುವವನ ಮನಸ್ಸು ಎಲ್ಲಿದೆ ಎಂಬುದಷ್ಟೇ ಅಲ್ಲಿ ಮುಖ್ಯ.

ಆ ಪ್ರಶ್ನೆಯನ್ನು ಇಂದಿನ ಗೌಡಗೆರೆಯ ಬೀದಿಗೆ ತಂದರೆ ಕೆಲಸಗಳು ತಾವೇ ಕಾಣುತ್ತವೆ. ಊರಿನ ಕುಡಿಯುವ ನೀರಿನ ಸಾರ್ವಜನಿಕ ಮೂಲದಿಂದ 500 ಮೀಟರಿನೊಳಗೆ ಅನುಮತಿಯಿಲ್ಲದೆ ಬಾವಿ ತೋಡುವುದನ್ನು ಕರ್ನಾಟಕದ 1999ರ ಅಂತರ್ಜಲ ಕಾಯ್ದೆ ನಿಷೇಧಿಸಿದೆ. ಮೊದಲು ಆ ಅಂತರವನ್ನು ಅಳೆಯಬೇಕು. ಪೂರ್ವದ ಮನೆಯವರ, ಉತ್ತರದ ಮನೆಯವರ ಬಾಗಿಲು ತಟ್ಟಿ ಅವರ ಗುಂಡಿ ಎಲ್ಲಿದೆಯೆಂದು ಕೇಳಬೇಕು. 100 ಚದರ ಮೀಟರಿನ ಚಾವಣಿಯ ಮೇಲೆ 500 ಮಿಲಿಮೀಟರ್ ಮಳೆ ಬಿದ್ದರೂ 50,000 ಲೀಟರ್ ನೀರಾಗುತ್ತದೆ, ಫ್ಲೋರೈಡಿಲ್ಲದ ನೀರು. ಅದಕ್ಕೆ ತೊಟ್ಟಿ ಕಟ್ಟಬೇಕು. ಹತ್ತು ಮನೆಗಳು ಹತ್ತು ಈಶಾನ್ಯಗಳಲ್ಲಿ ಹತ್ತು ಬೋರು ಕೊರೆಸಿದರೆ ಒಂದೇ ಸೀಳಿನ ನೀರನ್ನು ಹತ್ತು ಪಂಪುಗಳು ಎಳೆದು ಹತ್ತೂ ಬತ್ತುತ್ತವೆ. ಗುಂಡಿಗಳಿಂದ ದೂರದ ಎತ್ತರದ ಜಾಗದಲ್ಲಿ, ಅದು ಯಾರ ನಿವೇಶನದ ಯಾವ ಮೂಲೆಯೇ ಆಗಿರಲಿ, ಹತ್ತು ಮನೆಯವರು ಹಣ ಕೂಡಿಸಿ ಒಂದು ಬಾವಿಯನ್ನು ತೋಡಿಸಿ, ತಲಪರಿಗೆಯ ನೀರನ್ನು ಹಿರಿಯರು ಹಂಚಿಕೊಂಡಂತೆ ಹಂಚಿಕೊಳ್ಳಲು ಯಾವ ಪಂಡಿತರ ಅಪ್ಪಣೆಯೂ ಬೇಕಾಗಿಲ್ಲ.